ಮೂರನೇ ರೀಲಿನ ನಗು

ಪರದೇಶದ ಸಿನಿಮಾಕ್ಕೆ ನಮ್ಮ ಮಾತು ಕೂಡಿಸುವ ಕೆಲಸಕ್ಕೆ ಈಗ ಬರುತ್ತಿರುವವರು ಆಗಾಗ ಮನೆಗೆ ಬಂದು, “ಅಜ್ಜಾರ, ಆಗ ಹೆಂಗ ಮಾಡತಿದ್ರಿ?” ಎಂದು ಕೇಳುತ್ತಾರೆ. ನಾನು ಯಂತ್ರಗಳ ವಿಷಯ ಹೇಳಿ ಕಳಿಸಿಬಿಡುತ್ತೇನೆ. ಯಂತ್ರದ ವಿಷಯ ಹೇಳುವುದು ಸುಲಭ. ಅದರಲ್ಲಿ ನಾನು ಮಾಡಿದ ತಪ್ಪು ಬರುವುದಿಲ್ಲ. ಬರೆಯುವಾಗ ಎದುರಿಗೆ ಯಾರ ಮುಖವೂ ಇರುವುದಿಲ್ಲವಾದ್ದರಿಂದ ಮೊದಲೇ ಹೇಳಿಬಿಡುತ್ತೇನೆ. ನನ್ನ ಕೈಯ ರಬ್ಬರಿನಿಂದ ಒಬ್ಬ ಒಳ್ಳೆಯ ಬರಹಗಾರರ ಕೆಲಸ ಹೋಯಿತು. ನನ್ನನ್ನು ಆ ಕೆಲಸಕ್ಕೆ ಸೇರಿಸಿದವರೂ ಅವರೇ.

ನನ್ನ ಊರು ಶಿಗ್ಗಾಂವಿ ತಾಲ್ಲೂಕಿನ ಹುಲಗೂರು. ಮನೆ ದರ್ಗಾದ ಹಿಂದಿನ ಓಣಿಯಲ್ಲಿ. ಒಳಗೆ ಅವ್ವನ ಕನ್ನಡ, ಹೊಸ್ತಿಲು ದಾಟಿದರೆ ಗೆಳೆಯರ ಉರ್ದು. ಹೀಗಾಗಿ ಶಾಲೆಯ ಹಿಂದಿ ನನಗೆ ಎಂದೂ ಭಾರವಾಗಲಿಲ್ಲ. ಮ್ಯಾಟ್ರಿಕ್ ಮುಗಿಸಿ, ಎಪ್ಪತ್ತರ ದಶಕದ ಮೊದಲಲ್ಲಿ, ಸವಣೂರಿನ ತಗಡಿನ ಟಾಕೀಸಿನಲ್ಲಿ ಬಾಗಿಲು ಕಾಯುವ ಕೆಲಸ ಹಿಡಿದೆ. ಟಿಕೆಟ್ ಇಲ್ಲದೆ ನುಗ್ಗುವವರನ್ನು ಕಣ್ಣಿನಲ್ಲೇ ಗುರುತಿಸುವುದು ಅಲ್ಲಿ ಕಲಿತ ವಿದ್ಯೆ. ಎದುರಿಗೆ ಬಂದವನು ಏನೋ ಮುಚ್ಚಿಟ್ಟಿದ್ದಾನೆ ಎಂದು ಮೊದಲೇ ತಿಳಿದುಕೊಳ್ಳುವ ಚಾಳಿ ಆಗ ಅಂಟಿದ್ದು ಇನ್ನೂ ಹೋಗಿಲ್ಲ.

ಒಂದು ಮಧ್ಯಾಹ್ನದ ಆಟದಲ್ಲಿ ಪರದೆಗೆ ಬೆನ್ನು ಮಾಡಿ ಕುಳಿತಿದ್ದ ಮನುಷ್ಯನೊಬ್ಬ ಕಣ್ಣಿಗೆ ಬಿದ್ದ. ಬಿಳಿ ಪೈಜಾಮ, ಕರಿ ಟೋಪಿ, ಕಿಸೆಯ ಮೇಲೆ ಶಾಯಿಯ ಕಲೆ. ಸಿನಿಮಾ ಯಾವುದೋ ಪರದೇಶದ ನಗೆಚಿತ್ರ, ಮಾತು ಹಿಂದಿ. ಈತ ಮಾತ್ರ ಸಿನಿಮಾ ಬಿಟ್ಟು ಮಂದಿಯ ಮುಖ ನೋಡುತ್ತಿದ್ದ. ಯಾರೋ ತಪಾಸಣೆಗೆ ಬಂದ ಸಾಹೇಬನಿರಬೇಕೆಂದು ಸಂಶಯವಾಗಿ ಹತ್ತಿರ ಹೋದೆ.

“ಯಾರ್ರಿ ನೀವು? ಮಂದಿ ಮುಖಾ ಯಾಕ ನೋಡಾಕತ್ತೀರಿ?”

“ಪರದೆ ಮ್ಯಾಲಿನ ಮಾತು ನಾನ ಬರದದ್ದಪ. ಅದನ್ನೇನ ನೋಡ್ಲಿ? ಈ ಮುಖಾ ಮಾತ್ರ ನಾ ಬರದಿಲ್ಲ.”

ಅವರೇ ಮುನ್ಶಿ ಖಾದರ್ ಸಾಹೇಬರು. ಸವಣೂರಿನವರೇ. ಮುಂಬಯಿಯ ಒಂದು ಸಣ್ಣ ಸ್ಟುಡಿಯೋದಲ್ಲಿ ಪರದೇಶದ ನಗೆಚಿತ್ರಗಳಿಗೆ ಹಿಂದಿ ಮಾತು ಬರೆಯುತ್ತಿದ್ದರು. ರಜೆಯಲ್ಲಿ ತಂಗಿಯ ಮನೆಗೆ ಬಂದಿದ್ದರು. ಆಟ ಮುಗಿದ ಮೇಲೆ ನನ್ನ ಜತೆ ಚಹಾ ಕುಡಿದರು. ನನ್ನ ಹಿಂದಿ, ಉರ್ದು, ಕನ್ನಡ ಮೂರನ್ನೂ ಕೇಳಿ, “ಬಾಗಲಾ ಕಾದು ಏನ ಮಾಡತಿ? ನಡಿ ನನ್ನ ಜೋಡಿ,” ಎಂದರು. ನಾನು ಹೋದೆ.

ಕೆಲಸ ಹೇಗಿತ್ತು ಎಂದು ಹೇಳುತ್ತೇನೆ. ಈಗ ಗುಂಡಿ ಒತ್ತಿದರೆ ಮಾತು ಹಿಂದೆ ಮುಂದೆ ಹೋಗುತ್ತದೆ. ಆಗ ರೀಲನ್ನು ಒಂದೊಂದು ಮಾತಿಗೆ ಒಂದೊಂದು ತುಂಡಾಗಿ ಕತ್ತರಿಸಿ, ತುಂಡಿನ ತಲೆಗೆ ಬಾಲ ಅಂಟಿಸಿ ಬಳೆಯಂತೆ ಮಾಡುತ್ತಿದ್ದೆವು. ಯಂತ್ರಕ್ಕೆ ಹಾಕಿದರೆ ಅದೇ ಮುಖ, ಅದೇ ಬಾಯಿ ಗಾಣದ ಎತ್ತಿನ ಹಾಗೆ ಸುತ್ತಿ ಸುತ್ತಿ ಬರುತ್ತಿತ್ತು. ದನಿ ಕೊಡುವವರು ಮೈಕಿನ ಎದುರು ನಿಂತು, ಆ ಬಾಯಿ ತೆರೆದಾಗ ತಾವೂ ತೆರೆದು, ಮುಚ್ಚಿದಾಗ ಮುಚ್ಚಿ, ಹತ್ತು ಸಲ, ಇಪ್ಪತ್ತು ಸಲ ಹೇಳಬೇಕು. ಬಳೆ ಅಂಟಿಸುವುದು, ಹೆಸರು ಬರೆದು ಮೊಳೆಗೆ ತೂಗು ಹಾಕುವುದು ನನ್ನ ಪಾಲಿನ ಕೆಲಸ.

ಮಾತು ಬರೆಯುವುದು ಇನ್ನೂ ಕಷ್ಟ. ಪರದೇಶದವನು ಎಲ್ಲಿ ತುಟಿ ಕೂಡಿಸುತ್ತಾನೋ ಅಲ್ಲಿ ನಮ್ಮ ಮಾತಿನಲ್ಲೂ ಪ, ಬ, ಮ ಬರಬೇಕು. ಇಲ್ಲದಿದ್ದರೆ ನೋಡುವವನಿಗೆ ಮೋಸ ಗೊತ್ತಾಗುತ್ತದೆ. ಮುನ್ಶಿಯವರು ದನಿ ಬಂದ್ ಮಾಡಿಸಿ, ಪೆನ್ಸಿಲಿನಿಂದ ಮೊಣಕಾಲಿನ ಮೇಲೆ ತಾಳ ಹಾಕುತ್ತ, ಆ ಮೂಕ ಬಾಯಿಯನ್ನು ನೋಡುತ್ತಿದ್ದರು. ಹಳೆಯ ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆಯುತ್ತಿದ್ದರು. ಮೂಲದ ಮಾತನ್ನು ಹಾಗೆಯೇ ಹಿಂದಿ ಮಾಡಿದರೆ ಅದು ಅಲ್ಲೇ ಸತ್ತುಹೋಗುತ್ತದೆ ಎನ್ನುತ್ತಿದ್ದರು. ಒಂದು ಚಿತ್ರದಲ್ಲಿ ಇಬ್ಬರು ತಮ್ಮ ಊರಿನ ಚೆಂಡಾಟದ ಪಂಗಡದ ಬಗ್ಗೆ ಜಗಳಾಡುತ್ತಿದ್ದರು. ಮುನ್ಶಿಯವರು ಅದನ್ನು ಮಾವನ ಮನೆಯ ಊಟದ ಜಗಳ ಮಾಡಿದರು.

“ಅವರು ಚೆಂಡು ಅಂದ್ರ ನೀವು ಊಟ ಅಂತೀರಲ್ರಿ!” ಎಂದೆ.

“ಸಿಟ್ಟು ಎರಡೂ ಕಡೆ ಒಂದ ಅಳತಿದು. ಅಷ್ಟ ಸಾಕು. ಮಾರಿ ನೋಡು, ಯಾವ ಮಾತಿಗೆ ಅಷ್ಟು ಸಿಟ್ಟು ಬರತೈತಿ ಅಂತ ಹುಡುಕು.”

ಇನ್ನೊಂದರಲ್ಲಿ ಗಾಡಿಯ ಗಾಲಿಯಷ್ಟು ದೊಡ್ಡ ಚೀಸು ಉರುಳಿ ಬರುತ್ತದೆ. ಅದಕ್ಕೆ ಖೋವಾ ಎಂದು ಹೆಸರಿಟ್ಟೆವು. ಮುಂದೆ ಆ ಚಿತ್ರ ನಮ್ಮ ಕಡೆಯ ಹಿರೇಕೆರೂರಿನಲ್ಲಿ ಓಡುವಾಗ ಒಬ್ಬ ಮುದುಕ ನನ್ನ ಪಕ್ಕದಲ್ಲೇ ಕೂತು, “ಅಬಾಬಾಬಾ, ಇದು ಯಾವ ಎಮ್ಮಿ ಹಾಲಿಂದೋ ತಮ್ಮಾ?” ಎಂದು ಕೂಗಿದ. ನಮ್ಮ ಮಾತಿಗಿಂತ ಅವನ ಮಾತಿಗೇ ಮಂದಿ ಹೆಚ್ಚು ನಕ್ಕರು.

ಕೆಲವು ಚಿತ್ರಗಳು ಬರುವಾಗ ಹೆಜ್ಜೆ, ಬಾಗಿಲು, ಪೆಟ್ಟು ಇವುಗಳ ಶಬ್ದ ಮಾತ್ರವಿದ್ದ ಫಿಲ್ಮಿನ ಪಟ್ಟಿ ಬೇರೆಯಾಗಿ ಬರುತ್ತಿತ್ತು. ಬಾರದಿದ್ದರೆ ಎಲ್ಲವನ್ನೂ ನಾವೇ ಮಾಡಬೇಕು. ಮುಖಕ್ಕೆ ಕೇಕು ಬಡಿಯುವ ಸದ್ದಿಗೆ ನಾನು ಜೋಳದ ಹಿಟ್ಟು ಕಲಸಿ ಕಲ್ಲಿಗೆ ಒಗೆಯುತ್ತಿದ್ದೆ. ಗೋಧಿ ಹಿಟ್ಟಿನಿಂದ ಆ ಸದ್ದು ಬರುವುದಿಲ್ಲ. ಬೇಕಾದರೆ ಪರೀಕ್ಷಿಸಿ ನೋಡಿ.

ಇನ್ನು ಒಂದು ದೊಡ್ಡ ತಪ್ಪಿನ ವಿಷಯ. ಎರಡು ಬಳೆಗಳಿಗೆ ನಾನು ಹೆಸರು ಅದಲು ಬದಲು ಬರೆದೆ. ಅದರಿಂದಾಗಿ ತೆಳ್ಳಗಿನ ಹೆಂಡತಿಯ ಬಾಯಿಂದ ದಪ್ಪ ಗಂಡನ ದನಿ ಬಂತು. ಯಾರ ಗಮನಕ್ಕೂ ಬಾರದೆ ಚಿತ್ರದ ಪ್ರತಿಗಳು ಊರೂರಿಗೆ ಹೋದವು. ಸ್ಟುಡಿಯೋದ ಯಜಮಾನರನ್ನು ನಾವು ಸೇಠ ಎನ್ನುತ್ತಿದ್ದೆವು. ಅವರು ಕರೆಸಿದಾಗ ಕೆಲಸ ಹೋಯಿತೆಂದೇ ತಿಳಿದೆ. ಹಾಗಾಗಲಿಲ್ಲ. ಜನ ಆ ಜಾಗದಲ್ಲೇ ಬಿದ್ದು ಬಿದ್ದು ನಗುತ್ತಿದ್ದಾರೆಂದು ಟಾಕೀಸಿನವರಿಂದ ಪತ್ರ ಬಂದಿತ್ತು. ಸೇಠ ನನಗೆ ಜಿಲೇಬಿ ತರಿಸಿದರು. ಪಕ್ಕದಲ್ಲಿದ್ದ ಮುನ್ಶಿಯವರು ಒಂದು ತುಂಡನ್ನೂ ಮುಟ್ಟಲಿಲ್ಲ.

“ತಪ್ಪಿಗೆ ನಕ್ಕಾರ. ನಗ್ಲಿ. ಅದನ್ನ ಪದ್ಧತಿ ಮಾಡಬ್ಯಾಡ್ರಿ,” ಎಂದಷ್ಟೇ ಸೇಠರಿಗೆ ಹಿಂದಿಯಲ್ಲಿ ಹೇಳಿ, ನನಗಾಗಿ ಕನ್ನಡದಲ್ಲಿ ಮತ್ತೊಮ್ಮೆ ಹೇಳಿದರು. ಅದು ನನಗೆ ಚುಚ್ಚಿತು. ನನ್ನ ಜಿಲೇಬಿ ಕಂಡು ಹೊಟ್ಟೆಕಿಚ್ಚು ಎಂದುಕೊಂಡೆ.

ಆ ಜಿಲೇಬಿಯ ನಂತರವೇ ಸೇಠರು ಹೊಸ ಪದ್ಧತಿ ತಂದರು. ಚಿತ್ರದ ಪ್ರತಿಗಳನ್ನು ಊರೂರಿಗೆ ಕಳಿಸುವ ಮೊದಲು ಒಂದೇ ಒಂದು ಪ್ರತಿ ತೆಗೆದು ಸಣ್ಣ ಊರುಗಳಲ್ಲಿ ತೋರಿಸಿ, ಜನ ಎಲ್ಲಿ ನಗುತ್ತಾರೆ ಎಂದು ಬರೆದುಕೊಂಡು ಬರಬೇಕು. ನಗದ ಜಾಗದ ಮಾತನ್ನು ಕಿತ್ತು ಬೇರೆ ಹಾಕಬೇಕು. ಮುಂಬಯಿ ಜನ ದುಡ್ಡು ಕೊಟ್ಟಿದ್ದೇವೆಂದು ಯಾವುದಕ್ಕೂ ನಗುತ್ತಾರೆ, ಅವರನ್ನು ನಂಬಬಾರದು ಎಂಬುದು ಸೇಠರ ಲೆಕ್ಕ. ನನ್ನ ಕಡೆಯ ನಾಲ್ಕು ಊರುಗಳನ್ನು ಆರಿಸಿದರು. ಸವಣೂರು ಮತ್ತು ಶಿಗ್ಗಾಂವಿಯಲ್ಲಿ ಉರ್ದು ಮಾತಾಡುವವರು ಬಹಳ. ಹಾನಗಲ್ಲಿನಲ್ಲಿ ಅರ್ಧ. ಹಿರೇಕೆರೂರಿನಲ್ಲಿ ಹಿಂದಿ ಬಲ್ಲವರು ಕಡಿಮೆ, ಅಲ್ಲಿಯೂ ನಕ್ಕರೆಂದರೆ ಆ ಮಾತು ಎಲ್ಲಿ ಬೇಕಾದರೂ ನಡೆಯುತ್ತದೆ.

ನನಗೊಂದು ಉದ್ದನೆಯ ನೋಟುಬುಕ್ಕು, ಪೆನ್ಸಿಲು, ರಬ್ಬರು, ಮಂಕು ಬೆಳಕಿನ ಸಣ್ಣ ಬ್ಯಾಟರಿ ಕೊಟ್ಟರು. ಮುಗುಳ್ನಗೆಗೆ ಒಂದು ಗೀಟು, ನಗುವಿಗೆ ಎರಡು, ಸಿಳ್ಳು ಚಪ್ಪಾಳೆಗೆ ಮೂರು. ಹೊರಡುವಾಗ ಸೇಠರು ಬಾಗಿಲು ಹಾಕಿಸಿ ಬುದ್ಧಿ ಹೇಳಿದರು. ಚಿತ್ರ ತನಗೇ ಸಿಗಲಿ ಎಂದು ಟಾಕೀಸಿನವನು ಬಾಡಿಗೆಯ ನಗುವವರನ್ನು ಕೂರಿಸುತ್ತಾನೆ. ಆಪರೇಟರ್ ರೀಲು ಕತ್ತರಿಸುತ್ತಾನೆ. ಮುನ್ಶಿ ನಿನ್ನ ಕಡೆಯವನು, ಅವನನ್ನಂತೂ ನಂಬಲೇಬೇಡ. ಇಷ್ಟು ದೊಡ್ಡ ಗುಟ್ಟನ್ನು ನನಗೊಬ್ಬನಿಗೇ ಹೇಳಿದರೆಂದು ಎದೆ ಉಬ್ಬಿತು.

ಹಾನಗಲ್ಲಿನ ಟಾಕೀಸಿನಲ್ಲಿ ಎರಡನೇ ದಿನ ಮುಂದಿನ ಬೆಂಚಿನ ಏಳೆಂಟು ಜನ ಮಾತು ಬರುವುದಕ್ಕೆ ಮೊದಲೇ ನಗತೊಡಗಿದರು. ಸಿಕ್ಕಿಬಿದ್ದರು ಎಂದುಕೊಂಡು ಬಿಡುವಿನಲ್ಲಿ ಹೋಗಿ ಹಿಡಿದೆ.

“ನಿಮಗ ಯಾರು ಹೇಳಿ ಕಳಿಸ್ಯಾರ?”

“ಯಾರು ಹೇಳಬೇಕ್ರಿ? ನಿನ್ನೆ ನೋಡೇವಿ. ಆ ದಪ್ಪ ಮನಶಾ ಈಗ ಕುರ್ಚಿ ಮುರೀತಾನ ಅಂತ ಗೊತ್ತೈತಿ. ಗೊತ್ತಿದ್ದರ ನಗಬಾರದೇನ್ರಿ?”

“ಎರಡ ಸಲ ಯಾಕ ಬಂದ್ರಿ?”

“ನೀವೂ ಎರಡ ಸಲ ಬಂದೀರಲ್ಲ! ನಿಮಗ ಯಾರು ಕಳಿಸ್ಯಾರ?”

ಅವರು ಹತ್ತಿ ಅರೆಯುವ ಗಿರಣಿಯ ಆಳುಗಳು. ಚಿತ್ರ ಇಷ್ಟವಾಗಿ ಮತ್ತೆ ಬಂದಿದ್ದರು. ನಾನು ನೋಟುಬುಕ್ಕಿನಲ್ಲಿ ‘ಬಾಡಿಗೆ ನಗು, ಲೆಕ್ಕಕ್ಕಿಲ್ಲ’ ಎಂದು ಬರೆದೆ.

ಹಿರೇಕೆರೂರಿನಲ್ಲಿ ಸಂತೆಯ ದಿನದ ಮಧ್ಯಾಹ್ನದ ಆಟಕ್ಕೆ ಹಾಲ್ ತುಂಬಿತ್ತು. ಕೊನೆಯ ರೀಲು ಶುರುವಾಗುತ್ತಲೇ ಅರ್ಧ ಜನ ಎದ್ದು ನಡೆದರು. ‘ಕೊನೆಯ ರೀಲು ಯಾರಿಗೂ ಸೇರಲಿಲ್ಲ’ ಎಂದು ಬರೆದು ಕಳಿಸಿದೆ. ಮುಂಬಯಿಯಲ್ಲಿ ಆ ರೀಲಿನ ಮಾತುಗಳನ್ನೆಲ್ಲ ಮುನ್ಶಿಯವರಿಂದ ಮತ್ತೆ ಬರೆಸಿದರು. ಮರುತಿಂಗಳು ಬೇರೆ ಚಿತ್ರ ತೆಗೆದುಕೊಂಡು ಹೋದರೆ ಅದೇ ಹೊತ್ತಿಗೆ ಮತ್ತೆ ಎದ್ದರು. ಅಬಲೂರಿನ ರೈತನೊಬ್ಬನನ್ನು ಬಾಗಿಲಲ್ಲೇ ತಡೆದು ಕಾರಣ ಕೇಳಿದೆ.

“ಬಸ್ಸರೀ! ಬಸ್ ಹೊಂಟೈತಿ. ಬಿಡ್ರಿ ಕೈ. ನೀವೇನ ನನ್ನ ಹೊತಗೊಂಡ ಹೋಗಾವ್ರದೀರೇನು?”

ನಾಲ್ಕು ವಾರ ಒಬ್ಬ ಮನುಷ್ಯ ಬರೆದದ್ದನ್ನು ಒಂದು ಸರಕಾರಿ ಬಸ್ಸಿನ ವೇಳೆಗಾಗಿ ಕಿತ್ತು ಹಾಕಿಸಿದ್ದೆ. ಅದನ್ನಾದರೂ ಮುನ್ಶಿಯವರಿಗೆ ಹೇಳಬಹುದಿತ್ತು. ಹೇಳಲಿಲ್ಲ. ನನ್ನ ವರದಿ ತಪ್ಪಾಗುತ್ತದೆಂದು ತಿಳಿದರೆ ನಾನು ಮತ್ತೆ ಬಳೆ ಅಂಟಿಸಬೇಕಾಗುತ್ತದೆ ಎಂಬ ಹೆದರಿಕೆ. ಅಷ್ಟರಲ್ಲಿ ನನಗೆ ಇನ್ನೊಂದು ಆಸೆಯೂ ಹುಟ್ಟಿತ್ತು. ಮುನ್ಶಿಯವರ ಕುರ್ಚಿ ನನಗೆ ಬೇಕಿತ್ತು. ಇದನ್ನು ಬರೆಯದಿದ್ದರೆ ಮುಂದಿನದೆಲ್ಲ ಬರೀ ಸಂಶಯದ ಕಥೆಯಾಗಿ ಕಾಣುತ್ತದೆ. ಅದು ಬರೀ ಸಂಶಯವಾಗಿರಲಿಲ್ಲ.

ಎಪ್ಪತ್ತರ ದಶಕ ಮುಗಿಯುತ್ತ ಬಂದಾಗ ಒಂದು ಚಿತ್ರ ಬಂತು. ಅದರಲ್ಲಿ ಒಬ್ಬ ಗಂಡ, ಹೇಳಿದ ಮಾತು ಒಂದನ್ನೂ ಉಳಿಸಿಕೊಳ್ಳದವನು. ಹೆಂಡತಿ ದಿನವೆಲ್ಲ ಕಾದಿದ್ದಾಳೆ. ಮೂರನೇ ರೀಲಿನಲ್ಲಿ ಅವನು ಹೂವಿನ ಗೊಂಚಲು ಹಿಡಿದು ಬಾಗಿಲು ತಟ್ಟುತ್ತಾನೆ. ಆಕೆ ಬಾಗಿಲು ತೆಗೆದು, ಹೂವನ್ನು ನೋಡಿ, ಅವನನ್ನು ನೋಡಿ, ಒಂದೇ ಮಾತು ಹೇಳಿ, ಹೂ ಇಸಿದುಕೊಂಡು ಕದ ಹಾಕುತ್ತಾಳೆ. ಮೂಲದಲ್ಲಿ ಏನಿತ್ತೋ ನನಗೆ ನೆನಪಿಲ್ಲ, ಸಪ್ಪೆ ಮಾತು. ಮುನ್ಶಿಯವರು ಬರೆದದ್ದು ಇದು:

“ಫೂಲ್ ಅಂದರ್ ಆ ಜಾಯೇಂ. ಆಪ್ ವಹೀಂ ಠಹರಿಯೇ.”

ಹೂ ಒಳಗೆ ಬರಲಿ, ನೀವು ಅಲ್ಲೇ ನಿಲ್ಲಿ. ತುಟಿ ಕೂಡುವಲ್ಲಿ ತುಟಿ ಕೂಡುತ್ತದೆ, ಮಾತು ಮುಗಿಯುವಲ್ಲಿ ಕದ ಮುಚ್ಚುತ್ತದೆ. ಸೇಠರಿಗೆ ಹಿಡಿಸಲಿಲ್ಲ. ಆಕೆ ಲಟ್ಟಣಿಗೆ ಹಿಡಿದು ಗಂಡು ದನಿಯಲ್ಲಿ ಕೂಗಬೇಕು ಎಂದರು. ಮುನ್ಶಿಯವರು ಆ ದಿನ ಮೊದಲ ಬಾರಿ ಹಟ ಹಿಡಿದರು. ಸೇಠರು, “ಸವಣೂರಿನಲ್ಲಿ ನಗುತ್ತಾರೋ ನೋಡೋಣ. ನಗದಿದ್ದರೆ ಈ ಮಾತೂ ಇಲ್ಲ, ನೀನೂ ಇಲ್ಲ,” ಎಂದರು. ನಗೆಯಲ್ಲೇ ಹೇಳಿದರು. ಅವರು ನಗುತ್ತ ಹೇಳಿದ್ದನ್ನೆಲ್ಲ ಮಾಡುತ್ತಿದ್ದರು.

ಪ್ರತಿ ಹಿಡಿದು ನಾನು ಸವಣೂರಿಗೆ ಬಂದೆ. ಆಟದ ದಿನ ಮುಂಜಾನೆ ನೋಡಿದರೆ ಮುನ್ಶಿಯವರು ಟಾಕೀಸಿನ ಅಂಗಳದಲ್ಲಿ! ನನಗೆ ತಿಳಿಸದೆ ರಜೆ ಹಾಕಿ ಬಂದಿದ್ದರು. ಮಾಲೀಕ ಗದಿಗೆಪ್ಪನ ಕಿವಿಯಲ್ಲಿ ಏನೋ ಹೇಳಿ, ಬಗಲಿನಿಂದ ಸವಣೂರೆಲೆಯ, ಆ ಊರಿನ ಹೆಸರಾದ ವೀಳ್ಯದೆಲೆಯ, ಒಂದು ದೊಡ್ಡ ಕಟ್ಟು ತೆಗೆದು ಕೊಟ್ಟರು. ಗದಿಗೆಪ್ಪ ಕೈ ಮುಗಿದು ಇಸಿದುಕೊಂಡ. ನಾನು ಗೋಡೆಯ ಮರೆಯಲ್ಲಿದ್ದೆ. ಅವರು ಹೋದ ಮೇಲೆ ಗದಿಗೆಪ್ಪನನ್ನು ಕೇಳಿದೆ.

“ಏನ ಮಾತಾಡಿದ್ರು ಮುನ್ಶಿ ಸಾಹೇಬ್ರು?”

“ಏನಿಲ್ಲೋ ಮಾರಾಯಾ. ಅವರ ಮನಿ ಮಾತು.”

“ಎಲಿ ಯಾಕ ಕೊಟ್ರು?”

“ತಿನ್ನಾಕ ಕೊಟ್ರು. ನಿನಗೂ ಬೇಕೇನು?”

ಮನೆಯ ಮಾತೆಂದು ಅವನು ಮುಚ್ಚಿದ್ದೇ ನನಗೆ ಸಾಕ್ಷಿಯಾಯಿತು.

ಆ ಟಾಕೀಸಿನಲ್ಲಿ ಗಂಡಸರ ಬದಿಗೂ ಹೆಂಗಸರ ಬದಿಗೂ ನಡುವೆ ಬಿದಿರಿನ ತಟ್ಟಿ ಇತ್ತು. ನಾನು ಎಂದಿನಂತೆ ಗಂಡಸರ ನಡುವೆ ಕೂತೆ. ಮೂರನೇ ರೀಲು ಬಂತು. ಬಾಗಿಲು, ಹೂವು, ಮಾತು. ನನ್ನ ಸುತ್ತ ಯಾರೂ ನಗಲಿಲ್ಲ. ಒಬ್ಬ ಬೀಡಿಗೆ ಕಡ್ಡಿ ಗೀರಿದ. ಅಷ್ಟರಲ್ಲಿ ತಟ್ಟಿಯ ಆಚೆಯಿಂದ ಒಂದು ನಗು ಎದ್ದಿತು. ಒಬ್ಬಳೇ ಹೆಂಗಸು. ತಡೆಯಲು ನೋಡಿ ತಡೆಯಲಾರದೆ, ಉಸಿರು ಸಿಕ್ಕಿಕೊಂಡು, ಬಿಟ್ಟು, ಮತ್ತೆ ನಕ್ಕಳು. ಮುಂದಿನ ಎರಡು ಮೂರು ಮಾತು ಯಾರಿಗೂ ಕೇಳಿಸಲಿಲ್ಲ. ಅವಳ ಹಿಂದೆಯೇ ಬೆಂಚು ಅಲುಗಾಡುವ ಸದ್ದು, ಬಳೆಗಳ ಸದ್ದು. ಬೇರೆ ದನಿ ಇಲ್ಲ.

ನನ್ನ ಕೈ ತಾನಾಗಿ ಮೂರು ಗೀಟು ಎಳೆಯಿತು. ಅಂಥ ನಗುವನ್ನು ನಾನು ಅದುವರೆಗೆ ಯಾವ ಊರಿನಲ್ಲೂ ಕೇಳಿರಲಿಲ್ಲ. ಮರುಕ್ಷಣ ಎಲೆಯ ಕಟ್ಟು ನೆನಪಾಯಿತು. ಬಾಡಿಗೆಗೆ ಕೂರಿಸಿದ್ದಾರೆ, ಅದಕ್ಕೇ ಒಬ್ಬಳೇ ನಗುತ್ತಿದ್ದಾಳೆ ಎಂದುಕೊಂಡೆ. ಬಾಡಿಗೆಗೆ ಯಾರೂ ಹಾಗೆ ನಗಲಾರರು ಎಂದು ಕಿವಿ ಹೇಳುತ್ತಿತ್ತು. ಬ್ಯಾಟರಿಯ ಬೆಳಕಿನಲ್ಲಿ ರಬ್ಬರು ತೆಗೆದು ಮೂರೂ ಗೀಟುಗಳನ್ನು ಒರೆಸಿದೆ. ಪಕ್ಕದಲ್ಲಿ ‘ನಗು ಇಲ್ಲ. ಮುನ್ಶಿಯವರು ತಟ್ಟಿಯ ಆಚೆ ಬಾಡಿಗೆಯ ಹೆಂಗಸನ್ನು ಕೂರಿಸಿದ್ದರು’ ಎಂದು ಬರೆದೆ.

ಆಟ ಬಿಟ್ಟ ಮೇಲೆ ರೀಲುಗಳನ್ನೆಲ್ಲ ಡಬ್ಬಿಗೆ ತುಂಬಿಸಿ ನಾನು ಹೊರಬಂದಾಗ ಮುನ್ಶಿಯವರು ಚಹಾದ ಅಂಗಡಿಯ ಹತ್ತಿರ ಕಾಯುತ್ತಿದ್ದರು. ಅವರು ಒಳಗೆ ಬಂದಿರಲೇ ಇಲ್ಲ.

“ಫಕ್ಕೀರಪ್ಪ, ಮೂರನೇ ರೀಲಿನಾಗ ಒಬ್ಬರಾದ್ರೂ ನಕ್ರಾ?”

“ಇಲ್ಲರಿ.”

“ಒಬ್ಬರೂ ಇಲ್ಲಾ?”

“ಇಲ್ಲರಿ ಸಾಹೇಬ್ರ. ಸುಳ್ಳ ಯಾಕ ಹೇಳ್ಲಿ?”

ಅವರು ನನ್ನನ್ನೇ ಸ್ವಲ್ಪ ಹೊತ್ತು ನೋಡಿದರು. ಟಾಕೀಸಿನಲ್ಲಿ ಮಂದಿಯ ಮುಖ ನೋಡುತ್ತಿದ್ದರಲ್ಲ, ಹಾಗೆ. “ಆತು. ಚಹಾ ಕುಡಿ,” ಎಂದರು.

ಸೇಠರು ವಾರದೊಳಗೆ ಅವರನ್ನು ತೆಗೆದರು. ವರದಿಯನ್ನು ಎಲ್ಲರೆದುರು ಓದಿಸಿದರು. ಬಾಡಿಗೆಯ ಹೆಂಗಸು ಎಂಬಲ್ಲಿಗೆ ಬಂದಾಗ ಮುನ್ಶಿಯವರು ತಲೆ ಎತ್ತಿ ನನ್ನನ್ನು ನೋಡಿ, ಮತ್ತೆ ತಗ್ಗಿಸಿದರು. ಕಳ್ಳನಾದ್ದರಿಂದಲೇ ಸುಮ್ಮನಿದ್ದಾನೆ ಎಂದು ನನಗೆ ನಾನೇ ಹೇಳಿಕೊಂಡೆ. ಅವರು ಪೆನ್ಸಿಲನ್ನು ಮೇಜಿನ ಮೇಲೆ ಇಟ್ಟು, ಕ್ಯಾಲೆಂಡರಿನ ಹಾಳೆಗಳನ್ನು ಮಡಚಿ ಚೀಲಕ್ಕೆ ಹಾಕಿಕೊಂಡು ಹೋದರು.

ಕುರ್ಚಿ ನನಗೆ ಸಿಕ್ಕಿತು. ಆ ಜಾಗದಲ್ಲಿ ಲಟ್ಟಣಿಗೆಯ ಮಾತು ಬರೆದೆ, ದಪ್ಪ ಗಂಡಸಿನ ದನಿ ಹಾಕಿಸಿದೆ. ಸಿಳ್ಳು ಬಿದ್ದವು. ಮುಂದಿನ ಆರೇಳು ವರ್ಷ ನಾನು ಬರೆದ ಎಲ್ಲ ಹೆಂಡಂದಿರೂ ಗಂಡು ದನಿಯಲ್ಲೇ ಕೂಗಿದರು. ಬರೆಯಲು ಕೂತಾಗ ತುಟಿಯ ಲೆಕ್ಕ ಬರುತ್ತಿತ್ತು, ಮಾತು ಬರುತ್ತಿರಲಿಲ್ಲ. ನನ್ನ ಹಿಂದೆ ಬಂದ ಬಳೆ ಅಂಟಿಸುವವನು ನನ್ನ ಬಗ್ಗೆ ಏನು ಬರೆದು ಕೊಡುತ್ತಿದ್ದಾನೋ ಎಂದು ಅವನ ಚೀಲವನ್ನು ಕದ್ದು ನೋಡುತ್ತಿದ್ದೆ. ಆಮೇಲೆ ವಿಡಿಯೋ ಬಂತು. ಜನ ಮನೆಯಲ್ಲೇ ಕೂತು ನೋಡತೊಡಗಿದರು. ನಕ್ಕರೋ ಇಲ್ಲವೋ ತಿಳಿಯುವ ದಾರಿಯೇ ಹೋಯಿತು. ಸ್ಟುಡಿಯೋ ಮುಚ್ಚಿತು. ನಾನು ಹುಲಗೂರಿಗೆ ಮರಳಿ, ಶಿಗ್ಗಾಂವಿಯಲ್ಲಿ ಒಂದು ಅಂಗಡಿಗೆ ಸೇರಿದೆ.

ಒಮ್ಮೆ ಅಂಗಡಿಯ ಕೆಲಸಕ್ಕೆ ಸವಣೂರಿಗೆ ಹೋಗಿದ್ದೆ. ಓಣಿಯೊಂದರಲ್ಲಿ ಒಬ್ಬಾತ ಕಾಯಿಪಲ್ಲೆ ಚೀಲ ಹಿಡಿದು, ತಡವಾಗಿ ಬಂದ ಕಳೆಯಲ್ಲಿ ಬಾಗಿಲು ತಟ್ಟಿದ. ಒಳಗಿನಿಂದ ಹೆಂಡತಿಯ ದನಿ: “ಭಾಜಿ ಅಂದರ್ ಆ ಜಾಯೇ. ಆಪ್ ವಹೀಂಚ್ ಠಹರೋ!” ಕೈಯೊಂದು ಹೊರಬಂದು ಚೀಲ ಎಳೆದುಕೊಂಡಿತು. ಆತ ನಗುತ್ತ ಕಟ್ಟೆಯ ಮೇಲೆ ಕೂತ.

ನಾನು ಅಲ್ಲೇ ನಿಂತೆ. ಆ ಮಾತು ಇದ್ದದ್ದು ಒಂದೇ ಪ್ರತಿಯಲ್ಲಿ, ಕೇಳಿಸಿದ್ದು ಆ ಒಂದೇ ಆಟದಲ್ಲಿ. ಮರುದಿನವೇ ಪ್ರತಿ ಮುಂಬಯಿಗೆ ಹೋಗಿ ಮಾತು ಕಿತ್ತು ಹೋಗಿತ್ತು.

“ಈ ಮಾತು ಎಲ್ಲಿಂದ್ರಿ?” ಎಂದು ಆತನನ್ನು ಕೇಳಿದೆ.

“ಇದಾ? ಈ ಓಣಿ ಹೆಂಗಸರದೆಲ್ಲಾ ಇದ ಮಾತು. ತಡಾ ಮಾಡಿದ್ರ ಇದ ಮಂಗಳಾರತಿ. ಹಾಜರಾಬಿ ಕಲಿಸ್ಯಾಳ. ಅಕಿನ್ನ ಕೇಳ್ರಿ, ಆ ಮೂಲಿ ಮನಿ.”

ಹಾಜರಾಬಿ ಎಂದರೆ ಮುನ್ಶಿಯವರ ತಂಗಿ. ಹೆಸರು ಕೇಳಿ ಬಲ್ಲೆ, ಎಂದೂ ಮಾತಾಡಿದವನಲ್ಲ. ಆಕೆ ಬಾಗಿಲಲ್ಲಿ ನಿಂತು ಎಲ್ಲ ಹೇಳಿದರು. ನಾನು ಯಾರೆಂದು ಆಗ ಆಕೆಗೆ ಗೊತ್ತಿರಲಿಲ್ಲ. ಟಾಕೀಸಿನ ಹಳೆಯ ಕೆಲಸಗಾರ ಎಂದಷ್ಟೇ ಹೇಳಿದ್ದೆ.

“ನಮ್ಮ ಓಣಿ ಹೆಂಗಸರು ಸಿನಿಮಾಕ್ಕ ಹೋದವರ ಅಲ್ಲರಿ. ಅಣ್ಣ ಗದಿಗೆಪ್ಪಣ್ಣಗ ಹೇಳಿ ಹಿಂದಿನ ಬಾಗಲಾ ತಗಸಿದ್ದ, ಗಂಡಸರು ಬರೂಕಿಂತ ಮೊದಲ ಕುಂಡ್ರಾಕ. ಬಾಯಿಗೆ ಸೆರಗು ತುರಕೊಂಡ ಕುಂತಿದ್ವಿ, ದನಿ ಹೊರಗ ಬರಬಾರದಂತ. ಎಲ್ಲಾರು ಹೆಗಲು ಕುಣಸಾಕತ್ತಿದ್ರು. ನನಗ ಒಬ್ಬಾಕಿಗೆ ತಡಕೊಳ್ಳಾಕ ಆಗಲಿಲ್ಲ ನೋಡ್ರಿ. ಮನಿಯವರು ತೀರಿಕೊಂಡು ಮೂರು ವರ್ಷ ಆಗಿತ್ತು. ಅದ ಮೊದಲ ನಕ್ಕದ್ದು.” ಆಮೇಲೆ ಕೇಳಿದರು, “ಮುಂದ ಅದ ಸಿನಿಮಾ ಮತ್ತ ಬಂದಾಗ ಎಲ್ಲಾರೂ ಹೋಗಿದ್ವಿ. ಆ ಮಾತ ಇರಲಿಲ್ಲ. ಯಾರೋ ಒದರಾಕತ್ತಿದ್ರು. ಯಾಕ ತಗದ್ರೀ?”

ನಾನು ಗೊತ್ತಿಲ್ಲ ಎಂದು ಹೇಳಿ ಬಂದುಬಿಟ್ಟೆ. ಅದು ಎರಡನೇ ಸುಳ್ಳು.

ವಾರದ ಮೇಲೆ ಮತ್ತೆ ಸವಣೂರಿನ ಬಸ್ಸು ಹತ್ತಿದೆ. ಮುನ್ಶಿಯವರು ಸವಣೂರಿನಲ್ಲೇ ಬೇರೆ ಓಣಿಯಲ್ಲಿದ್ದರು, ಜನರಿಗೆ ಅರ್ಜಿ, ಪತ್ರ ಬರೆದುಕೊಡುತ್ತಿದ್ದರು. ಹೋಗಿ ಕಾಲು ಮುಟ್ಟಲು ಬಗ್ಗಿದೆ. ಹಿಂದಕ್ಕೆ ಸರಿದರು.

“ನಕ್ಕಿದ್ರು ಸಾಹೇಬ್ರ. ಮೂರು ಗೀಟು ಹಾಕಿದ್ದೆ. ನಾನ ಒರಿಸಿದೆ.”

“ಗೊತ್ತು.”

“ಯಾವಾಗಿಂದ?”

“ಅವತ್ತ. ನಿನ್ನ ಜೋಡಿ ಚಹಾ ಕುಡಿಯೂಕಿಂತ ಮೊದಲ ಅಕಿ ಮನಿಗೆ ಬಂದು ಹೇಳಿದ್ಲು. ಹೇಳತಾ ಹೇಳತಾ ಮತ್ತ ನಕ್ಲು. ನಿನ್ನ ಬಾಯಿಂದ ಕೇಳಬೇಕಂತ ಬಂದಿದ್ದೆ.”

“ಸೇಠಗ ಯಾಕ ಹೇಳಲಿಲ್ರಿ?”

“ಏನಂತ ಹೇಳ್ಲಿ? ನಕ್ಕಾಕಿ ನನ್ನ ತಂಗಿ, ಬಾಡಿಗಿಯಾಕಿ ಅಲ್ಲಂತ ಆ ಮಂದಿ ಮುಂದ ಪುರಾವೆ ಕೊಡಲೇನು? ಅಕಿ ನಗೂ ಅವರ ಬಾಯಾಗ ಬೀಳೂದು ಬ್ಯಾಡಂತ ಬಿಟ್ಟೆ. ಕೆಲಸ ಹೋದ್ರ ಹೋತು.” ಬರೆಯುತ್ತಿದ್ದ ಅರ್ಜಿಯನ್ನು ಬದಿಗಿಟ್ಟರು. “ನಾ ಬರಿಯೂ ಮುಂದ ಯಾವಾಗ್ಲೂ ಮನಸಿನಾಗ ಅಕಿನ್ನ ಎದುರಿಗೆ ಕುಂಡ್ರಿಸಿಕೊಂಡು ಬರೀತಿದ್ದೆ. ಅಕಿ ನಕ್ಕದ್ದು ನನಗ ಸಾಕು. ನನ್ನ ಹತ್ತರ ಏನ ಬೇಡಾಕ ಬಂದಿ? ನೀ ಬಾಡಿಗಿಯಾಕಿ ಅಂತ ಬರದದ್ದು ನನ್ನನ್ನಲ್ಲ. ಅಕಿಗೆ ಹೋಗಿ ಹೇಳು.”

ಹೋಗುವಾಗ ಬರಿಗೈಯಲ್ಲಿ ಹೋಗಲು ಮನಸ್ಸಾಗದೆ ಸವಣೂರೆಲೆಯ ಒಂದು ಕಟ್ಟು ಕೊಂಡೆ. ಅದೇ ಎಲೆ ಯಾಕೆ ಕೊಂಡೆನೋ, ಇವತ್ತಿಗೂ ನನ್ನ ಮೇಲೆ ನನಗೆ ಸಂಶಯ. ಮಧ್ಯಾಹ್ನ, ಓಣಿಯ ಹೆಂಗಸರು ನಾಲ್ಕೈದು ಮಂದಿ ಹಾಜರಾಬಿಯವರ ಪಡಸಾಲೆಯಲ್ಲಿ ಶಾವಿಗೆ ಹೊಸೆಯುತ್ತಿದ್ದರು. ನಾನು ಹೊಸ್ತಿಲಿನ ಹೊರಗೆ ನಿಂತು, ನಾನು ಯಾರು, ಏನು ಬರೆದೆ, ಏನು ಒರೆಸಿದೆ, ಅವರ ಅಣ್ಣನ ಕೆಲಸ ಹೇಗೆ ಹೋಯಿತು, ಎಲ್ಲವನ್ನೂ ಅಷ್ಟೂ ಮಂದಿ ಕೇಳುವಂತೆ ಹೇಳಿದೆ. ಶಾವಿಗೆ ಹೊಸೆಯುವ ಕೈಗಳು ನಿಂತವು.

ಹಾಜರಾಬಿ ಎದ್ದು ಬಾಗಿಲಿಗೆ ಬಂದರು. ಮುಖದಲ್ಲಿ ಸಿಟ್ಟು ಇತ್ತು. ಅದನ್ನು ನಾನು ತಪ್ಪಾಗಿ ಓದಿಲ್ಲ.

“ಬಾಡಿಗಿ ಹೆಂಗಸು ಅಂತ ಬರದ್ರಿ?”

“ಹೌದ್ರಿ ಅಕ್ಕಾರ.”

“ಅಣ್ಣ ಇಷ್ಟು ವರ್ಷ ನನಗ ಹೇಳಲಿಲ್ಲ. ಮುಂಬೈ ಹವಾ ಹಿಡಸಲಿಲ್ಲ ಅಂದಾ.” ಕಣ್ಣು ಒರೆಸಿಕೊಂಡರು. ನನ್ನನ್ನು ನೋಡಿದರು. ನನ್ನ ಕೈಯಲ್ಲಿದ್ದ ಕಟ್ಟನ್ನು ನೋಡಿದರು. ಮತ್ತೆ ನನ್ನನ್ನು ನೋಡಿದರು. ಕೈ ಚಾಚಿ ಕಟ್ಟನ್ನು ಇಸಿದುಕೊಂಡರು.

“ಎಲಿ ಒಳಗ ಬರ್ಲಿ,” ಎಂದರು. “ನೀವು ಅಲ್ಲೇ ನಿಂದ್ರಿ.”

ಬಾಗಿಲು ಹಾಕಲಿಲ್ಲ. ಒಳಗೆ ಹೆಂಗಸರು ಸೆರಗನ್ನು ಬಾಯಿಗೆ ಒತ್ತಿಕೊಂಡಿದ್ದರು. ದನಿ ಇಲ್ಲ. ಈ ಸಲ ನಾನು ಕಿವಿಗೊಡದೆ ಕುಣಿಯುತ್ತಿದ್ದ ಅವರ ಹೆಗಲುಗಳನ್ನು ನೋಡುತ್ತ, ಹೇಳಿದ ಜಾಗದಲ್ಲೇ ಬಿಸಿಲಿನಲ್ಲಿ ನಿಂತುಕೊಂಡೆ.